ಲೇಖನಿಯೂ ಛಾಯಾಯಂತ್ರವೂ

ಚಲಚ್ಚಿತ್ರದಲ್ಲಿ ಕಥೆಯನ್ನು ಒಬ್ಬರು ಬರೆಯುವರು. ಅದನ್ನು ಬೆಳಕಿನಲ್ಲಿ ಮೂಡಿಸುವವರು ಮತ್ತೊಬ್ಬರು. ಇವೆರಡನ್ನೂ ಒಬ್ಬರೇ ವಹಿಸಿಕೊಂಡರೆ ಕೃತಿಗೆ ಲಾಭವೋ ನಷ್ಟವೋ ಎಂಬುದು ಹಳೆಯ ಪ್ರಶ್ನೆ. ಕನ್ನಡ ಚಲಚ್ಚಿತ್ರದ ಇತಿಹಾಸದಲ್ಲಿ ಅದಕ್ಕೆ ಒಂದು ಉತ್ತರವುಂಟು. ಅದು ಬಾಲು ಮಹೇಂದ್ರರ ‘ಕೋಕಿಲ’.

ಕನ್ನಡದ ಹೊಸ ಅಲೆಯ ಚಿತ್ರಗಳು ಬಹುಮಟ್ಟಿಗೆ ಸಾಹಿತ್ಯದ ಆಶ್ರಯದಲ್ಲಿ ಬೆಳೆದುವು. 1970ರ ‘ಸಂಸ್ಕಾರ’ಕ್ಕೆ ಅನಂತಮೂರ್ತಿಯವರ ಕಾದಂಬರಿಯೇ ಮೂಲ, ಚಿತ್ರಕಥೆ ಗಿರೀಶ ಕಾರ್ನಾಡರದು, ನಿರ್ದೇಶನ ಪಟ್ಟಾಭಿರಾಮ ರೆಡ್ಡಿಯವರದು, ಛಾಯಾಗ್ರಹಣ ಆಸ್ಟ್ರೇಲಿಯದ ಟಾಮ್ ಕೋವನರದು. ಹೀಗೆ ಹಲವು ಕೈಗಳು ಕೂಡಿ ಆ ಚಿತ್ರವಾಯಿತು.

ಬಾಲು ಮಹೇಂದ್ರರ ಮಾರ್ಗ ಬೇರೆ. 1939ರಲ್ಲಿ ಶ್ರೀಲಂಕೆಯ ಬಟ್ಟಿಕಲೋವದ ಸಮೀಪ ತಮಿಳು ಮನೆತನದಲ್ಲಿ ಜನಿಸಿದ ಅವರು ಪುಣೆಯ ಚಲನಚಿತ್ರ ಸಂಸ್ಥೆಯಲ್ಲಿ ಛಾಯಾಗ್ರಹಣವನ್ನು ಅಭ್ಯಸಿಸಿದರು. 1974ರ ಮಲೆಯಾಳ ಚಿತ್ರ ‘ನೆಲ್ಲು’ ಅವರಿಗೆ ಹೆಸರು ತಂದಿತು. ಅಲ್ಲಿ ಅವರದು ಪರರ ಕಥೆಗೆ ಕಣ್ಣಾಗುವ ಕೆಲಸ. ತಾವೇ ಬರೆದು, ತಾವೇ ಚಿತ್ರಿಸಿ, ತಾವೇ ನಿರ್ದೇಶಿಸುವ ಅವಕಾಶವು ಅವರಿಗೆ ಮೊದಲು ದೊರೆತುದು ತಾಯ್ನುಡಿಯಲ್ಲಲ್ಲ, 1977ರಲ್ಲಿ ಕನ್ನಡದಲ್ಲಿ.

‘ಕೋಕಿಲ’ದ ಕಥೆ ಒಂದು ಮನೆಯೊಳಗಿನದು. ವಾಸಕ್ಕೆ ಬಂದ ಯುವಕ, ಆ ಮನೆಯ ಮಗಳು, ಮನೆಗೆಲಸದ ಹುಡುಗಿ. ಒಂದು ತಪ್ಪಿನಿಂದ ಮೂವರ ಬಾಳೂ ತಿರುಗುವುದು. ಇಂಥ ವಸ್ತುವನ್ನು ಮಾತಿನಲ್ಲಿಯೇ ತೂಗಿಸುವ ಲೇಖಕನು ಪಶ್ಚಾತ್ತಾಪವನ್ನು ಪಾತ್ರದ ಬಾಯಲ್ಲಿ ಆಡಿಸಬೇಕಾಗುವುದು. ಬೆಳಕಿನ ಬಲವನ್ನು ಬಲ್ಲವನಾದರೋ ಕಿಟಕಿಯೊಂದನ್ನು, ಹೊತ್ತೊಂದನ್ನು, ಅರೆಕಂಡ ಮುಖವನ್ನು ಬರೆದು ಸುಮ್ಮನಾಗಬಲ್ಲನು. ಸಹಜವಾದ ಬೆಳಕನ್ನೇ ನೆಚ್ಚಿದ ಬಾಲು ಮಹೇಂದ್ರರಿಗೆ ಈ ಮೌನವು ಒಲಿದಿತ್ತು. ಒಂದೇ ಚಿತ್ರದ ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿಯೂ ಚಿತ್ರಕಥೆಗೆ ಕರ್ನಾಟಕ ಸರಕಾರದ ಪ್ರಶಸ್ತಿಯೂ ಸಂದುವು. ಎರಡು ಕಲೆಗಳಿಗೆ ಸಂದ ಮನ್ನಣೆ ಒಂದೇ ಕೈಯನ್ನು ಸೇರಿತು.

ಆದರೆ ಒಬ್ಬನೇ ಎಲ್ಲವನ್ನೂ ಮಾಡುವಲ್ಲಿ ಅಪಾಯವಿಲ್ಲದಿಲ್ಲ. ಬರೆದವನ ಕೊರತೆಯನ್ನು ಛಾಯಾಗ್ರಾಹಕನು, ಛಾಯಾಗ್ರಾಹಕನ ಮೋಹವನ್ನು ಬರೆದವನು ತಿದ್ದುವ ಸಂದರ್ಭವೇ ಅಲ್ಲಿ ಇಲ್ಲವಾಗುವುದು. ಸತ್ಯಜಿತ್ ರಾಯರು ‘ಚಾರುಲತಾ’ದ (1964) ಕಾಲಕ್ಕೆ ಯಂತ್ರವನ್ನು ತಾವೇ ಹಿಡಿದರೂ ಬೆಳಕಿನ ಹೊಣೆಯನ್ನು ಸುಬ್ರತ ಮಿತ್ರರಿಗೆ ಬಿಟ್ಟಿದ್ದರು. ಬಾಲು ಮಹೇಂದ್ರರೂ ಪರರ ಬರಹಕ್ಕೆ ಕಣ್ಣಾಗುವುದನ್ನು ಬಿಡಲಿಲ್ಲ. 1983ರಲ್ಲಿ ಮಣಿರತ್ನಂ ತಮ್ಮ ಮೊದಲ ಚಿತ್ರ ‘ಪಲ್ಲವಿ ಅನುಪಲ್ಲವಿ’ಯನ್ನು ಕನ್ನಡದಲ್ಲಿಯೇ ಬರೆದು ನಿರ್ದೇಶಿಸಿದಾಗ ಅದರ ಛಾಯಾಗ್ರಹಣ ಇವರದಾಯಿತು. ಆ ಬಾರಿ ಚಿತ್ರಕಥೆಯ ರಾಜ್ಯಪ್ರಶಸ್ತಿ ಪಡೆದವರು ಮಣಿರತ್ನಂ.

‘ಮೂನ್ರಾಂ ಪಿರೈ’ (1982), ‘ವೀಡು’ (1988) ಮೊದಲಾದುವುಗಳಿಂದ ತಮಿಳುನಾಡು ಬಾಲು ಮಹೇಂದ್ರರನ್ನು ತನ್ನವರೆಂದು ಕೊಂಡಾಡಿತು. 2014ರಲ್ಲಿ ಅವರು ಚೆನ್ನೈಯಲ್ಲಿ ತೀರಿಕೊಂಡರು. ಅವರ ಮೊದಲ ಕೃತಿ ಮಾತ್ರ ಕನ್ನಡದ್ದು. ಅಚ್ಚಾದ ಕಾದಂಬರಿಗಳನ್ನಷ್ಟೇ ಲೆಕ್ಕಿಸುವ ಸಾಹಿತ್ಯಚರಿತ್ರೆಗೆ ಅಂಥ ಬರಹವು ಸಿಕ್ಕದು. ಬೆಳಕಿನಲ್ಲಿ ಬರೆದುದೂ ಬರಹವೇ ಎಂದು ಒಪ್ಪಿದರೆ ನಮ್ಮ ನುಡಿಯ ಈ ಹಳೆಯ ಆಸ್ತಿ ನಮ್ಮ ಲೆಕ್ಕಕ್ಕೆ ಬರುವುದು.