ಪುಕ್ಕಟೆಯಲ್ಲದ ಕೆಲಸ

ಸಮಾಜ ಪಾಠದಲ್ಲಿ ಯಾವ ರಾಜ ಯಾವ ಕೋಟೆ ಕಟ್ಟಿಸಿದನೆಂದು ನಾನು ಮಕ್ಕಳನ್ನು ಕೇಳುತ್ತೇನೆ. ಕಟ್ಟಿದವರಿಗೆ ಕೂಲಿ ಸಂದಿತೇ ಎಂಬುದು ಪಠ್ಯಪುಸ್ತಕದಲ್ಲಿ ಬರುವುದಿಲ್ಲ. ಆದರೆ ಆ ಪ್ರಶ್ನೆಗೂ ಒಂದು ಇತಿಹಾಸವಿದೆ. ಅದನ್ನು ಹುಡುಕಬೇಕಾದದ್ದು ನ್ಯಾಯಾಲಯದ ಕಡತಗಳಲ್ಲಿ.

ಕೆಲಸ ಮಾಡಿಸಿಕೊಂಡು ಹಣ ಕೊಡದವರು ಎಲ್ಲ ಕಾಲದಲ್ಲೂ ಇದ್ದಾರೆ. ಅವರ ನೆಪಗಳಲ್ಲಿ ಗಟ್ಟಿಯಾದದ್ದು ಕಾಗದದ ನೆಪ. 1793ರಲ್ಲಿ ಕಟರ್ ಎಂಬ ನಾವಿಕ ಜಮೈಕಾದಿಂದ ಇಂಗ್ಲೆಂಡಿನ ಲಿವರ್‌ಪೂಲಿಗೆ ಹೊರಟ ಹಡಗಿನಲ್ಲಿ ಕೆಲಸಕ್ಕೆ ಸೇರಿದ. ಲಿವರ್‌ಪೂಲ್ ಮುಟ್ಟುವವರೆಗೂ ದುಡಿದರೆ 30 ಗಿನಿ ಎಂದು ಚೀಟಿಯಲ್ಲಿತ್ತು. ಆಗಸ್ಟ್ 2ರಂದು ಹೊರಟವನು ಸೆಪ್ಟೆಂಬರ್ 20ರಂದು ನಡುಗಡಲಲ್ಲೇ ತೀರಿಕೊಂಡ. ಹಡಗು ದಡ ಸೇರಿದ್ದು ಅಕ್ಟೋಬರ್ 9ಕ್ಕೆ. ಗಂಡ ದುಡಿದ ಏಳು ವಾರಗಳ ಪಾಲನ್ನಾದರೂ ಕೊಡಿ ಎಂದು ಅವನ ಹೆಂಡತಿ ದಾವೆ ಹೂಡಿದಳು. ಮಾಮೂಲಿ ಸಂಬಳದ ಸುಮಾರು ನಾಲ್ಕು ಪಟ್ಟಿಗೆ ಒಪ್ಪಿದವನು ಪೂರ್ತಿ ಪ್ರಯಾಣಕ್ಕೇ ಒಪ್ಪಿದಂತೆ, ಪ್ರಯಾಣ ಮುಗಿಯದೆ ಹಣವಿಲ್ಲ ಎಂದಿತು 1795ರ ತೀರ್ಪು. ಆ ತಾಯಿಗೆ ಒಂದು ಕಾಸೂ ದಕ್ಕಲಿಲ್ಲ.

ನಮ್ಮ ದೇಶಕ್ಕೆ 1872ರಲ್ಲಿ ಕರಾರು ಕಾಯಿದೆ ಬಂದಾಗ ಅದರಲ್ಲಿ 70ನೆಯ ಕಲಮು ಎಂಬುದೊಂದು ಸೇರಿತು. ಒಬ್ಬರು ಇನ್ನೊಬ್ಬರಿಗಾಗಿ ಕಾನೂನುಬದ್ಧವಾಗಿ ಒಂದು ಕೆಲಸ ಮಾಡಿದ್ದರೆ, ಅದನ್ನು ಪುಕ್ಕಟೆಯಾಗಿ ಮಾಡುವ ಉದ್ದೇಶ ಅವರಿಗೆ ಇಲ್ಲದಿದ್ದರೆ, ಇನ್ನೊಬ್ಬರು ಅದರ ಲಾಭ ಉಂಡಿದ್ದರೆ, ಉಂಡವರು ಬೆಲೆ ಕಟ್ಟಿಕೊಡಬೇಕು. ಉಪ್ಪು ತಿಂದವರು ನೀರು ಕುಡಿಯಲೇಬೇಕಲ್ಲವೇ!

ಈ ಕಲಮಿನ ಬಲ ಪರೀಕ್ಷೆಗೆ ಬಂದದ್ದು ಬಂಗಾಳದಲ್ಲಿ. 1944ರಲ್ಲಿ ಬಿ.ಕೆ. ಮಂಡಲ್ ಅಂಡ್ ಸನ್ಸ್ ಎಂಬ ಗುತ್ತಿಗೆ ಸಂಸ್ಥೆ ಅಲ್ಲಿನ ನಾಗರಿಕ ಸರಬರಾಜು ಇಲಾಖೆಗೆ ಆರಾಮ್‌ಬಾಗ್ ಎಂಬಲ್ಲಿ ಕಚ್ಚಾ ರಸ್ತೆ, ಕಾವಲುಗಾರರ ಕೋಣೆ, ಕಚೇರಿ, ಅಡುಗೆಮನೆ ಕಟ್ಟಿಕೊಟ್ಟಿತು. ಬೇರೊಂದು ಊರಿನಲ್ಲಿ ದಾಸ್ತಾನಿನ ಶೆಡ್ಡುಗಳನ್ನೂ ಕಟ್ಟಿತು. ಅಧಿಕಾರಿಗಳು ಕೇಳಿದ್ದರು, ಇಲಾಖೆ ಬಳಸಿಕೊಂಡಿತು. 19 ಸಾವಿರಕ್ಕೂ ಮೀರಿದ ಬಿಲ್ಲು ಬಂದಾಗ ಮಾತ್ರ, 1935ರ ಭಾರತ ಸರ್ಕಾರ ಕಾಯಿದೆ ಹೇಳಿದ ರೀತಿಯಲ್ಲಿ ಕರಾರೇ ಆಗಿಲ್ಲ ಎಂಬ ವಾದ ಹುಟ್ಟಿತು. ವ್ಯಾಜ್ಯ ಕಲ್ಕತ್ತೆಯ ಹೈಕೋರ್ಟನ್ನು ದಾಟಿ ಸುಪ್ರೀಂ ಕೋರ್ಟಿನವರೆಗೆ ಹೋಯಿತು. 1961ರಲ್ಲಿ ನ್ಯಾಯಮೂರ್ತಿ ಗಜೇಂದ್ರಗಡ್ಕರ್ ಅವರು ಬರೆದ ತೀರ್ಪು ಗುತ್ತಿಗೆದಾರರ ಪರವಾಯಿತು. ಕರಾರು ಊರ್ಜಿತವಲ್ಲ, ನಿಜ; ಆದರೆ ಒಪ್ಪಿ ಅನುಭವಿಸಿದ್ದಕ್ಕೆ ಪರಿಹಾರ ಕೊಡಲೇಬೇಕು. ಕೇಳದವರ ತಲೆಗೆ ಕೆಲಸ ಕಟ್ಟಿ ಹಣ ವಸೂಲು ಮಾಡುವವರಿಗೆ ಇದು ದಾರಿಯಲ್ಲ ಎಂಬುದನ್ನೂ ತೀರ್ಪು ಸ್ಪಷ್ಟಪಡಿಸಿತು. ಬೇಡವೆನ್ನುವ, ಹಿಂದಿರುಗಿಸುವ ಹಕ್ಕು ಎದುರಿನವರಿಗೆ ಇದ್ದೇ ಇದೆ.

ನ್ಯಾಯ ಸಿಕ್ಕಿತು, ಆದರೆ 17 ವರ್ಷ ಹಿಡಿಯಿತು. ಸಣ್ಣ ಬಂಡವಾಳದವರು ಅಷ್ಟು ಕಾಲ ತಡೆಯಬಲ್ಲರೇ? ಈ ತಡ ತಪ್ಪಿಸಲೆಂದೇ 2006ರ ಸಣ್ಣ ಉದ್ದಿಮೆಗಳ ಕಾಯಿದೆ ಬಂತು. ನೋಂದಾಯಿಸಿಕೊಂಡ ಸಣ್ಣ ಉದ್ದಿಮೆಯಿಂದ ಸರಕು, ಸೇವೆ ಪಡೆದವರು 45 ದಿನ ಮೀರದಂತೆ ಹಣ ಕೊಡಬೇಕು. ತಪ್ಪಿದರೆ ರಿಸರ್ವ್ ಬ್ಯಾಂಕ್ ಸಾರಿದ ದರದ ಮೂರು ಪಟ್ಟು ಚಕ್ರಬಡ್ಡಿ ತೆರಬೇಕು. ದೂರು ಕೇಳಲು ರಾಜ್ಯದಲ್ಲಿ ಇದಕ್ಕೆಂದೇ ಮಂಡಳಿಯಿದೆ.

ನಮ್ಮ ಬೀದಿಯ ಹೆಣ್ಣುಮಗಳೊಬ್ಬಳು ಅಂಗಡಿಯೊಂದಕ್ಕೆ ಶಾಲಾ ಸಮವಸ್ತ್ರ ಹೊಲಿದು ಕೊಡುತ್ತಾಳೆ. ಬಾಕಿ ಕೇಳಿದರೆ ಮುಂದಿನ ವಾರ ಬನ್ನಿ ಎನ್ನುತ್ತಾರಂತೆ. "ಮತ್ತೆ ಮತ್ತೆ ಕೇಳೋಕೆ ನಾಚಿಕೆ ಆಗುತ್ತೆ ಟೀಚರ್" ಎಂದಳು. ನಾಚಿಕೆ ಯಾರಿಗಾಗಬೇಕು? ಮನೆಯಲ್ಲಿ ಲೆಕ್ಕವಿಡದೆ ದುಡಿದು ದುಡಿದು, ಹೊರಗಿನ ದುಡಿಮೆಗೂ ಬೆಲೆ ಕೇಳಲು ನಮ್ಮ ನಾಲಗೆ ತಡವರಿಸುತ್ತದೆ. ಕಲಮಿನಲ್ಲಿರುವ ಪುಕ್ಕಟೆ ಎಂಬ ಪದ ನನಗೆ ಹಿಡಿಸುವುದು ಇದಕ್ಕೇ. ನಾನು ಇದನ್ನು ಪುಕ್ಕಟೆಯಾಗಿ ಮಾಡುತ್ತಿಲ್ಲ ಎಂದು ಮೊದಲ ದಿನವೇ ಹೇಳಿಬಿಡಬೇಕು. ಸರಕು ಒಪ್ಪಿಸಿದ ದಿನ ಚೀಟಿಯ ಮೇಲೆ ರುಜು ಹಾಕಿಸಿಕೊಳ್ಳಬೇಕು. ಸಾಮಾನ್ಯ ದಾವೆಗೆ ಮೂರು ವರ್ಷಗಳ ಗಡುವಿದೆ; ನಾಚಿಕೆಯಲ್ಲಿ ಅದನ್ನು ಕಳೆದುಕೊಳ್ಳಬಾರದು.

ಇಷ್ಟನ್ನು ಅವಳಿಗೂ ಹೇಳಿದ್ದೇನೆ. ಈಗ ಅವಳ ಹೊಲಿಗೆ ಯಂತ್ರದ ಪಕ್ಕದಲ್ಲಿ ಒಂದು ರಸೀದಿ ಪುಸ್ತಕವಿದೆ.