ಏಣಾಕ್ಷಿ ರಾಮರಾವ್

ಏಣಾಕ್ಷಿ ರಾಮರಾವ್ ಭಾರತೀಯ ಮೂಕಿ ಚಿತ್ರಗಳ ಕೊನೆಯ ಘಟ್ಟದಲ್ಲಿ ನಟಿಸಿದ ಕಲಾವಿದೆ. 'ಶಿರಾಜ್' (1928) ಹಾಗೂ ಕನ್ನಡದ ಸಾಹಿತಿ-ಕಲಾವಿದರು ಪಾಲ್ಗೊಂಡ 'ವಸಂತಸೇನಾ' ಇವರ ಮುಖ್ಯ ಚಿತ್ರಗಳು. ನಿರ್ದೇಶಕ ಮೋಹನ್ ದಯಾರಾಮ್ ಭವನಾನಿ ಅವರನ್ನು ವಿವಾಹವಾದ ಇವರು, ಮುಂದೆ ಏಣಾಕ್ಷಿ ಭವನಾನಿ ಎಂಬ ಹೆಸರಿನಿಂದ ನೃತ್ಯ ಮತ್ತು ಕರಕುಶಲ ಕಲೆಗಳನ್ನು ಕುರಿತು ಇಂಗ್ಲಿಷಿನಲ್ಲಿ ಗ್ರಂಥಗಳನ್ನು ರಚಿಸಿದರು.

ಹಿನ್ನೆಲೆ

ಶಿರಸಿ, ಸಿದ್ದಾಪುರ, ಯಲ್ಲಾಪುರ ಸೀಮೆಯ ಯಕ್ಷಗಾನದಲ್ಲಿ ಗಂಡಸರೇ ಸ್ತ್ರೀವೇಷ ಧರಿಸುತ್ತಿದ್ದಂತೆ ಆರಂಭದ ಚಲನಚಿತ್ರಗಳಲ್ಲಿಯೂ ನಡೆಯುತ್ತಿತ್ತು. ದಾದಾಸಾಹೇಬ್ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ'ದಲ್ಲಿ (1913) ತಾರಾಮತಿಯಾಗಿ ನಟಿಸಿದವರು ಅಣ್ಣಾ ಸಾಳುಂಕೆ. 1917ರ 'ಲಂಕಾದಹನ'ದಲ್ಲಿ ರಾಮ ಮತ್ತು ಸೀತೆ ಎರಡೂ ಪಾತ್ರಗಳನ್ನು ಅವರೇ ನಿರ್ವಹಿಸಿದರು. ಮುಂದೆ ಸ್ತ್ರೀಯರು ತೆರೆಗೆ ಬಂದಾಗಲೂ ಅನೇಕರು ಬೇರೆ ಹೆಸರು ಇಟ್ಟುಕೊಂಡರು. ರೂಬಿ ಮೈಯರ್ಸ್ 'ಸುಲೋಚನಾ' ಎಂದೂ ರೆನೀ ಸ್ಮಿತ್ 'ಸೀತಾದೇವಿ' ಎಂದೂ ಪ್ರಸಿದ್ಧರಾದರು. ಇಂತಹ ಕಾಲದಲ್ಲಿ ಏಣಾಕ್ಷಿಯವರು ಸ್ವಂತ ಹೆಸರಿನಲ್ಲಿಯೇ ನಟಿಸಿದ್ದು ಗಮನಾರ್ಹ.

ಶಿರಾಜ್

ಹಿಮಾಂಶು ರಾಯ್ ನಿರ್ಮಿಸಿ, ಜರ್ಮನಿಯ ಫ್ರಾಂಜ್ ಓಸ್ಟೆನ್ ನಿರ್ದೇಶಿಸಿದ ಈ ಚಿತ್ರ ತಾಜಮಹಲಿನ ಹುಟ್ಟನ್ನು ಕುರಿತ ಕಲ್ಪಿತ ಕಥೆ. ಕುಂಬಾರನ ಮನೆಯಲ್ಲಿ ಬೆಳೆದು, ಗುಲಾಮಳಾಗಿ ಮಾರಲ್ಪಟ್ಟು, ಕೊನೆಗೆ ಮುಮ್ತಾಜ್ ಮಹಲ್ ಆಗುವ ಸೆಲಿಮಾಳ ಪಾತ್ರ ಏಣಾಕ್ಷಿಯವರದು. ಹಿಮಾಂಶು ರಾಯ್ ಶಿರಾಜ್ ಆಗಿಯೂ, ಚಾರು ರಾಯ್ ರಾಜಕುಮಾರ ಖುರ್ರಮ್ ಆಗಿಯೂ, ಸೀತಾದೇವಿ ಡಾಲಿಯಾ ಆಗಿಯೂ ನಟಿಸಿದ್ದಾರೆ. ಮಾತಿಲ್ಲದ ಚಿತ್ರವಾದುದರಿಂದ ಮುಖಭಾವ ಮತ್ತು ಆಂಗಿಕವೇ ಅಭಿನಯದ ಆಧಾರ. ಅಗತ್ಯವಿದ್ದೆಡೆ ಬರಹದ ಫಲಕಗಳು ಕಥೆಯನ್ನು ಮುನ್ನಡೆಸುತ್ತಿದ್ದವು.

ವಸಂತಸೇನಾ

ಶೂದ್ರಕನ 'ಮೃಚ್ಛಕಟಿಕ' ಸಂಸ್ಕೃತ ನಾಟಕವನ್ನು ಆಧರಿಸಿ 1930-31ರ ಸುಮಾರಿಗೆ ಭವನಾನಿಯವರು ನಿರ್ದೇಶಿಸಿದ ಚಿತ್ರವಿದು. ಮಂಗಳೂರಿನಲ್ಲಿ ಜನಿಸಿದ ಕಮಲಾದೇವಿ ಚಟ್ಟೋಪಾಧ್ಯಾಯ ಹಾಗೂ ನಾಟಕಕಾರ ಟಿ.ಪಿ. ಕೈಲಾಸಂ ಇದರಲ್ಲಿ ಏಣಾಕ್ಷಿಯವರ ಸಹಕಲಾವಿದರು. ಸಾರ್ವಜನಿಕ ಜೀವನದಲ್ಲಿ ಹೆಸರಾಗಿದ್ದ ಕಮಲಾದೇವಿಯವರಂತಹ ಸ್ತ್ರೀಯರು ನಟಿಸಿದುದು, ಚಲನಚಿತ್ರ ಗೌರವಸ್ಥರಿಗೆ ತಕ್ಕುದಲ್ಲವೆಂಬ ಅಂದಿನ ಭಾವನೆಗೆ ನೀಡಿದ ಉತ್ತರವೂ ಆಗಿತ್ತು. ಕರ್ನಾಟಕದ ಚಲನಚಿತ್ರ ಇತಿಹಾಸದಲ್ಲಿ ಈ ಮೂಕಿ ಚಿತ್ರವನ್ನು ಸ್ಮರಿಸಲು ಈ ಕಲಾವಿದರೇ ಕಾರಣ.

ನಂತರದ ಜೀವನ

1931ರ ಮಾರ್ಚ್ 14ರಂದು 'ಆಲಂ ಆರಾ' ತೆರೆಕಂಡು ಭಾರತದಲ್ಲಿ ವಾಕ್ಚಿತ್ರ ಯುಗ ಆರಂಭವಾಯಿತು. 1934ರಲ್ಲಿ 'ಸತಿ ಸುಲೋಚನಾ' ಕನ್ನಡದ ಮೊದಲ ವಾಕ್ಚಿತ್ರವಾಗಿ ಬಿಡುಗಡೆಯಾಯಿತು. ಏಣಾಕ್ಷಿಯವರು ಹೆಸರು ಗಳಿಸಿದ್ದು ಬರವಣಿಗೆಯಲ್ಲಿ. ಲಡಾಖ್ ಪ್ರವಾಸವನ್ನು ಕುರಿತ ಅವರ ಲೇಖನ 1951ರಲ್ಲಿ 'ನ್ಯಾಷನಲ್ ಜಿಯಾಗ್ರಫಿಕ್' ಪತ್ರಿಕೆಯಲ್ಲಿ ಪ್ರಕಟವಾಯಿತು. ಶಾಸ್ತ್ರೀಯ, ಜಾನಪದ ಮತ್ತು ಬುಡಕಟ್ಟು ನೃತ್ಯಗಳನ್ನು ಒಳಗೊಂಡ 'ದಿ ಡಾನ್ಸ್ ಇನ್ ಇಂಡಿಯಾ' 1965ರಲ್ಲಿ ಹೊರಬಂದಿತು. ಭಾರತದ ಅಲಂಕಾರ ವಿನ್ಯಾಸಗಳನ್ನು ಕುರಿತೂ ಅವರು ಬರೆದಿದ್ದಾರೆ.

ಉಳಿದುಬಂದ ಅಭಿನಯ

ಭಾರತದ ಮೂಕಿ ಚಿತ್ರಗಳಲ್ಲಿ ಬಹುಪಾಲು ನಾಶವಾಗಿವೆ. ಅಂದಿನ ನೈಟ್ರೇಟ್ ಫಿಲ್ಮ್ ಬೇಗ ಬೆಂಕಿ ಹಿಡಿಯುವ, ಕಾಲಕ್ರಮದಲ್ಲಿ ಕೆಡುವ ವಸ್ತುವಾಗಿತ್ತು. ಆದ್ದರಿಂದ ಆ ಕಾಲದ ಎಷ್ಟೋ ನಟನಟಿಯರು ಇಂದು ಕೇವಲ ಹೆಸರುಗಳಾಗಿ ಉಳಿದಿದ್ದಾರೆ. 'ಶಿರಾಜ್' ಮಾತ್ರ ಉಳಿದುಕೊಂಡಿತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಪುನರುಜ್ಜೀವಗೊಳಿಸಿದ ಅದರ ಪ್ರತಿ, ಅನೌಷ್ಕಾ ಶಂಕರ್ ಅವರ ಹೊಸ ಸಂಗೀತದೊಂದಿಗೆ 2017ರಲ್ಲಿ ಲಂಡನ್ನಿನಲ್ಲಿಯೂ ಬಳಿಕ ಭಾರತದಲ್ಲಿಯೂ ಪ್ರದರ್ಶಿತವಾಯಿತು. ಹೀಗೆ ಏಣಾಕ್ಷಿಯವರ ಅಭಿನಯವನ್ನು ಸುಮಾರು ತೊಂಬತ್ತು ವರ್ಷಗಳ ಅನಂತರದ ಪ್ರೇಕ್ಷಕರೂ ನೋಡುವಂತಾಯಿತು.