ಗಂಗೋತ್ರಿಯ ಆರು ರನ್ನು

ಅಮೆರಿಕದಲ್ಲಿರುವ ಗೆಳೆಯನೊಬ್ಬ ಫೋನ್ ಮಾಡಿದಾಗಲೆಲ್ಲ ಅಲ್ಲಿನ ಕಾಲೇಜು ಫುಟ್‌ಬಾಲ್ ಪುರಾಣ ತೆಗೆಯುತ್ತಾನೆ. ಮಿಷಿಗನ್ ಯೂನಿವರ್ಸಿಟಿಯ ಸ್ಟೇಡಿಯಂನಲ್ಲಿ ಒಂದು ಲಕ್ಷಕ್ಕೂ ಮಿಕ್ಕಿ ಜನ ಕೂರುತ್ತಾರಂತೆ, ತಂಡ ಸೋತರೆ ಊರಿಗೆ ಊರೇ ಮಂಕಾಗುತ್ತದಂತೆ. ಯೂನಿವರ್ಸಿಟಿ ಮೈದಾನಕ್ಕೆ ಅಷ್ಟೊಂದು ಜನವಾ ಅಂತ ಬಾಯಿ ಬಿಡುವಾಗ ನನಗೆ ನೆನಪಾಗುವುದು ನಮ್ಮದೇ ಮಾನಸಗಂಗೋತ್ರಿ. ಕುವೆಂಪು ಹೆಸರಿಟ್ಟ ಆ ಕ್ಯಾಂಪಸ್ಸಿನ ಗ್ಲೇಡ್ಸ್ ಮೈದಾನದಲ್ಲಿ 2010ರ ಜನವರಿ 11ರಂದು ರಣಜಿ ಟ್ರೋಫಿ ಫೈನಲ್ ಶುರುವಾಯಿತು. ಕರ್ನಾಟಕ, ಮುಂಬೈ.

ಈ ಜೋಡಿಯ ಹಿಂದಿನ ಕತೆ ಸ್ವಲ್ಪ ಹೇಳಬೇಕು, ಇಲ್ಲದಿದ್ದರೆ ಆ ನಾಲ್ಕು ದಿನದ ಸಂಕಟ ಅರ್ಥವಾಗುವುದಿಲ್ಲ. ರಣಜಿಯ ಮೊಟ್ಟಮೊದಲ ಪಂದ್ಯ ಆಡಿದ್ದೇ ನಾವು, ಮೈಸೂರು ಅನ್ನೋ ಹೆಸರಲ್ಲಿ, 1934ರ ನವೆಂಬರ್ 4ರಂದು ಮದರಾಸಿನಲ್ಲಿ. 48 ಮತ್ತು 59ಕ್ಕೆ ಆಲೌಟ್! ಎ.ಜಿ. ರಾಮ್ ಸಿಂಗ್ ಒಬ್ಬರೇ 11 ವಿಕೆಟ್ ಕಿತ್ತು ಒಂದೇ ದಿನದಲ್ಲಿ ಮ್ಯಾಚ್ ಮುಗಿಸಿ ಕಳಿಸಿದರು. 1941-42ರಲ್ಲಿ ಫೈನಲ್ ತಲುಪಿದೆವು, ಬಾಂಬೆ ಇನ್ನಿಂಗ್ಸ್ ಮತ್ತು 281 ರನ್ನಿಂದ ಸೋಲಿಸಿತು. 1959-60ರಲ್ಲಿ ಮತ್ತೆ ಫೈನಲ್, ಮತ್ತೆ ಬಾಂಬೆ, ಮತ್ತೆ ಇನ್ನಿಂಗ್ಸ್ ಸೋಲು. ಆ ಕಾಲದಲ್ಲಿ ಅವರು ಸತತ 15 ವರ್ಷ ಕಪ್ ಬಿಟ್ಟುಕೊಡಲೇ ಇಲ್ಲ.

ಆ ಸರಪಳಿ ಕಡಿದದ್ದು 1974ರಲ್ಲಿ. ರಾಜ್ಯಕ್ಕೆ ಕರ್ನಾಟಕ ಅಂತ ಹೆಸರು ಬಂದ ಮೇಲಿನ ಮೊದಲ ಸೀಸನ್ನೇ ಅದು. ಬೆಂಗಳೂರಿನ ಸೆಮಿಫೈನಲ್‌ನಲ್ಲಿ ವಿಶ್ವನಾಥ್ 162, ಬ್ರಿಜೇಶ್ ಪಟೇಲ್ 106. ಕ್ಯಾಪ್ಟನ್ ಪ್ರಸನ್ನ ಗಾವಸ್ಕರ್ ಅವರನ್ನು ಬೌಲ್ಡ್ ಮಾಡಿದರು. 78 ರನ್ನಿನ ಮೊದಲ ಇನ್ನಿಂಗ್ಸ್ ಲೀಡ್ ಸಾಕಾಯಿತು. ಈ ಪ್ರಸನ್ನ ನಮ್ಮ ಮೈಸೂರಿನ ಎನ್.ಐ.ಇ. ಕಾಲೇಜಿನಲ್ಲಿ ಇಂಜಿನಿಯರಿಂಗ್ ಓದಿದವರು. 1962ರಲ್ಲಿ ವೆಸ್ಟ್ ಇಂಡೀಸ್ ಪ್ರವಾಸ ಮುಗಿಸಿ ಬಂದು, ಓದು ಮೊದಲು ಅಂತ ಟೆಸ್ಟ್ ಕ್ರಿಕೆಟ್ಟನ್ನೇ ಬಿಟ್ಟು ಕೂತರು. ಮತ್ತೆ ಟೆಸ್ಟ್ ಆಡಿದ್ದು 1967ರಲ್ಲಿ. ಈಗಿನ ಹುಡುಗರಿಗೆ ಹೇಳಿದರೆ ನಗುತ್ತಾರೆ :)

ಇರಲಿ, 2009-10ಕ್ಕೆ ಬರೋಣ. 1998-99ರಲ್ಲಿ ಕಪ್ ಗೆದ್ದ ಮೇಲೆ ಹನ್ನೊಂದು ವರ್ಷ ನಮಗೆ ಅದು ದಕ್ಕಿರಲಿಲ್ಲ. ಆ ಸೀಸನ್ ಹುಡುಗರ ಸೀಸನ್. ಅಭಿಮನ್ಯು ಮಿಥುನ್ ಡಿಸ್ಕಸ್ ಎಸೆಯುತ್ತಿದ್ದವ, ಹದಿನೇಳರವರೆಗೆ ಲೆದರ್ ಬಾಲ್ ಸರಿಯಾಗಿ ಹಿಡಿದವನಲ್ಲ. ಮೀರತ್‌ನಲ್ಲಿ ಉತ್ತರ ಪ್ರದೇಶದ ಮೇಲೆ ಮೊದಲ ಪಂದ್ಯದಲ್ಲೇ ಹ್ಯಾಟ್ರಿಕ್, ಒಟ್ಟು 11 ವಿಕೆಟ್. ಸೀಸನ್ ಮುಗಿಯುವಾಗ 47. ಇನ್ನೊಬ್ಬ ಮನೀಶ್ ಪಾಂಡೆ, ಇಪ್ಪತ್ತು ವರ್ಷ, 882 ರನ್. ದೇಶದಲ್ಲಿ ಆ ವರ್ಷ ಅತಿ ಹೆಚ್ಚು ವಿಕೆಟ್ ತೆಗೆದವನೂ ಅತಿ ಹೆಚ್ಚು ರನ್ ಹೊಡೆದವನೂ ನಮ್ಮವರೇ. ಹಾಗಿದ್ದೂ ಕಪ್ ಬರಲಿಲ್ಲ, ನೋಡಿ.

ಫೈನಲ್‌ನಲ್ಲಿ ಮುಂಬೈ 233ಕ್ಕೆ ಔಟಾದಾಗ ಮೈಸೂರಿನವರೆಲ್ಲ ಗೆದ್ದೇಬಿಟ್ಟೆವು ಅಂದುಕೊಂಡರು. ಸಾಲ್ವಿ ಬಂದು ನಮ್ಮನ್ನು 130ಕ್ಕೆ ಕೂರಿಸಿದ. ಎರಡನೇ ಸರದಿಯಲ್ಲಿ ಮುಂಬೈನ ವಿಕೆಟ್‌ಗಳು ಮತ್ತೆ ಉದುರಿದವು, ಮಿಥುನ್‌ಗೆ ಆರು. ಆದರೆ ನೈಟ್ ವಾಚ್‌ಮನ್ ಆಗಿ ಬಂದ ಧವಳ್ ಕುಲಕರ್ಣಿ ಅನ್ನೋ ಬೌಲರ್ 87 ಹೊಡೆದ. ನನ್ನ ಕೇಳಿದರೆ ಮ್ಯಾಚ್ ಹೋದದ್ದು ಅಲ್ಲಿ, ಕೊನೆಯ ದಿನ ಅಲ್ಲ. ನೈಟ್ ವಾಚ್‌ಮನ್ನನ್ನು ಬೆಳಿಗ್ಗೆ ಬೇಗ ಔಟ್ ಮಾಡದ ತಂಡ ಆಮೇಲೆ ಯಾರನ್ನು ಬೈದು ಏನು ಪ್ರಯೋಜನ?

ಗುರಿ 338. ಮೂರು ವಿಕೆಟ್ ಬೇಗ ಹೋದವು. ನಾಲ್ಕನೇ ದಿನ ಸಂಕ್ರಾಂತಿ. ಎಳ್ಳು ಬೆಲ್ಲ ಆಮೇಲೆ ಬೀರಿದರಾಯಿತು ಅಂತ ನಾನು ಕಂಪಲಾಪುರದಲ್ಲಿ ಬೆಳಗಿನ ಬಸ್ ಹತ್ತಿದೆ. ನಮ್ಮದು ಹೊಗೆಸೊಪ್ಪಿನ ಊರು, ಕ್ರಿಕೆಟ್ ಅಂದರೆ ಟೀವಿ ಅಂಗಡಿ ಮುಂದೆ ನಿಂತು ನೋಡುವುದು. ಆಟಗಾರರ ಮುಖ ಕಾಣುವಷ್ಟು ಹತ್ತಿರ ಫೈನಲ್ ನೋಡುವ ಭಾಗ್ಯ ಇನ್ನೆಲ್ಲಿ? ಹುಣಸೂರಿನಲ್ಲಿ ಬಸ್ ತುಂಬಿತು. ಹತ್ತಿದವರಲ್ಲಿ ಅರ್ಧ ಜನ ಅಲ್ಲಿಗೇ ಹೊರಟವರು. ಮೈದಾನದಲ್ಲಿ ಕಾಲಿಡಲು ಜಾಗವಿಲ್ಲ, ಮರಗಳ ಮೇಲೆ ಜನ. ಪಾಂಡೆ ಹೊಡೆದ ಒಂದೊಂದು ಫೋರ್‌ಗೂ ಮರದ ಕೊಂಬೆಗಳು ಅಲ್ಲಾಡುತ್ತಿದ್ದವು.

ಪಾಂಡೆ 144, ಗಣೇಶ್ ಸತೀಶ್ 75. ಇಬ್ಬರೂ ಸೇರಿ 209. ಆ ಜೋಡಿ ಮುರಿದಾಗ ಬೇಕಿದ್ದದ್ದು ಎಂಬತ್ತರ ಆಸುಪಾಸು, ಕೈಯಲ್ಲಿ ಆರು ವಿಕೆಟ್. ಆಮೇಲೆ ಅಗರ್ಕರ್. ಐದು ವಿಕೆಟ್ ಅವನಿಗೆ. ಒಬ್ಬೊಬ್ಬರೇ ಬರುತ್ತಾರೆ, ನಾಲ್ಕು ರನ್ ಹೊಡೆಯುತ್ತಾರೆ, ಜನ ಕುಣಿಯುತ್ತಾರೆ, ಔಟಾಗುತ್ತಾರೆ. ಇಪ್ಪತ್ತು ಬೇಕು, ಹದಿನೈದು ಬೇಕು ಅಂತ ಪಕ್ಕದಲ್ಲಿದ್ದ ಹಿರಿಯರೊಬ್ಬರು ಲೆಕ್ಕ ಹೇಳುತ್ತಲೇ ಇದ್ದರು. 331ಕ್ಕೆ ಎಲ್ಲ ಮುಗಿಯಿತು. ಆರು ರನ್ ಸೋಲು. ಆ ಹಿರಿಯರು ಟವೆಲ್ ಕೊಡವಿ ಹೆಗಲಿಗೆ ಹಾಕಿಕೊಂಡು, "ನಾಳೆ ಬೇರೆ ಗ್ರಹಣ" ಅಂದರು. ನಿಜಕ್ಕೂ ಮರುದಿನ ಸೂರ್ಯಗ್ರಹಣವಿತ್ತು.

ಮುಂಬೈಗೆ ಅದು 39ನೇ ರಣಜಿ ಕಪ್. ನಮ್ಮ ಹುಡುಗರು ಮಾತ್ರ ಅಲ್ಲಿಗೇ ನಿಲ್ಲಲಿಲ್ಲ. ಮಿಥುನ್ ಅದೇ ವರ್ಷ ಗಾಲೆಯಲ್ಲಿ ಟೆಸ್ಟ್ ಆಡಿದ. 2014ರಲ್ಲಿ ಹೈದರಾಬಾದಿನಲ್ಲಿ ಮಹಾರಾಷ್ಟ್ರವನ್ನು ಸೋಲಿಸಿ ಕರ್ನಾಟಕ ಕಪ್ ಎತ್ತಿದಾಗ ಅದೇ ಗಣೇಶ್ ಸತೀಶ್ ಫೈನಲ್‌ನಲ್ಲಿ 117 ಹೊಡೆದ. ಮರುವರ್ಷ ಬೆಂಗಳೂರಿನ ಸೆಮಿಫೈನಲ್. ಎದುರಿಗೆ ಮುಂಬೈ. ವಿನಯ್ ಕುಮಾರ್ 20 ರನ್‌ಗೆ ಆರು ವಿಕೆಟ್, ಮುಂಬೈ 44ಕ್ಕೆ ಆಲೌಟ್. ನಲವತ್ತನಾಲ್ಕು! ಆ ಸಂಜೆ ಊರಿನ ಗೆಳೆಯರೆಲ್ಲ ಫೋನ್ ಮಾಡಿದ್ದೇ ಮಾಡಿದ್ದು. ಆದರೆ ಎಲ್ಲರ ಕೊನೇ ಮಾತು ಒಂದೇ: ಇದು ಗಂಗೋತ್ರಿಯಲ್ಲಿ ಆಗಬಾರದಿತ್ತಾ ಮಾರಾಯ.